ಕಾಲ ಮುಗಿಯುವ ಜಾಗದ ಹುಡುಕಾಟ

ಕಾಲವನ್ನೇ ನುಂಗಿ, ಕಾರ್ಯಕಾರಣದ ಸರಪಣಿಯನ್ನು ಕಡಿದುಹಾಕುವ ಆಕಾಶದ ಪೀಡೆಯೊಂದು ವಿಜ್ಞಾನ ಕತೆಗಳಲ್ಲಿ ಮತ್ತೆ ಮತ್ತೆ ಬರುತ್ತದೆ. ಮುಂಬಯಿಯಲ್ಲಿ ಇಂಥ ಕತೆಗೂ ಅದರ ಬೆನ್ನಿಗಿರುವ ಗಣಿತಕ್ಕೂ ಹತ್ತಿರದ ನಂಟಿದೆ. ಸಯನ್ ದಾಟಿದರೆ ಚುನಾಭಟ್ಟಿ. ಮರಾಠಿ ವಿಜ್ಞಾನ ಪರಿಷತ್ತಿನ ಕಚೇರಿ ಇರುವುದು ಅಲ್ಲೇ. 1966ರಲ್ಲಿ ಹುಟ್ಟಿದ ಈ ಪರಿಷತ್ತಿನ ಕಥಾಸ್ಪರ್ಧೆಗೆ 1974ರಲ್ಲಿ ನಾರಾಯಣ ವಿನಾಯಕ ಜಗತಾಪ ಎಂಬ ಹೆಸರಿನಲ್ಲಿ ‘ಕೃಷ್ಣವಿವರ’ (ಕಪ್ಪುಕುಳಿ) ಎಂಬ ಕತೆ ಬಂತು, ಬಹುಮಾನವನ್ನೂ ಗೆದ್ದಿತು. ಬರೆದವರು ಜಯಂತ ವಿಷ್ಣು ನಾರಳೀಕರ. ತಮ್ಮ ಹೆಸರಿನ ಮೊದಲಕ್ಷರಗಳನ್ನು ಹಿಂದುಮುಂದಾಗಿಸಿ ಕಟ್ಟಿಕೊಂಡ ಗುಪ್ತನಾಮ ಅದು. ಆಗ ಅವರು ಕೊಲಾಬಾದ ಟಾಟಾ ಮೂಲಭೂತ ಸಂಶೋಧನಾ ಸಂಸ್ಥೆಯಲ್ಲಿ ಪ್ರಾಧ್ಯಾಪಕರು. ಕತೆ ಹೆಸರಿಸಿದ ಆ ಕಪ್ಪುಕುಳಿಯ ಒಳಗೆ ಏನಾಗುತ್ತದೆ ಎಂಬ ಪ್ರಶ್ನೆ ಮುಂದೆ ಅದೇ ಸಂಸ್ಥೆಯಲ್ಲಿ ದಶಕಗಳ ಕಾಲ ಬಿಸಿಯಾಗಿಯೇ ಉಳಿಯಿತು.

ಪ್ರಶ್ನೆ ಅದಕ್ಕಿಂತ ಹಳೆಯದು. ಕೋಲ್ಕತ್ತದ ಬಿ. ದತ್ತ 1938ರಲ್ಲಿ, ಓಪನ್‌ಹೈಮರ್ ಮತ್ತು ಸ್ನೈಡರ್ 1939ರಲ್ಲಿ, ಧೂಳಿನ ಗೋಳವೊಂದು ತನ್ನದೇ ಭಾರಕ್ಕೆ ಕುಸಿಯುವುದನ್ನು ಲೆಕ್ಕ ಹಾಕಿದರು. ಕುಸಿತದ ಕೊನೆಯಲ್ಲಿ ಸಾಂದ್ರತೆ ಅನಂತವಾಗುತ್ತದೆ, ಐನ್‌ಸ್ಟೈನ್‌ರ ಗುರುತ್ವ ಸಿದ್ಧಾಂತದ ಸಮೀಕರಣ ಕೈಚೆಲ್ಲುತ್ತದೆ. ಅದೇ ಸಿಂಗ್ಯುಲಾರಿಟಿ. 1949ರಲ್ಲಿ ಕುರ್ಟ್ ಗೋಡೆಲ್ ಇನ್ನೊಂದು ದಿಕ್ಕಿನಿಂದ ಏಟು ಕೊಟ್ಟ: ಐನ್‌ಸ್ಟೈನ್‌ರ ಸಮೀಕರಣಗಳಿಗೆ ಪೂರ್ತಿ ಒಪ್ಪುವ, ಆದರೆ ನಡೆಯುತ್ತ ಹೋದವನು ತನ್ನ ಭೂತಕಾಲಕ್ಕೇ ಬಂದು ಸೇರುವ, ತಿರುಗುತ್ತಿರುವ ವಿಶ್ವವೊಂದನ್ನು ತೋರಿಸಿದ. ನಮ್ಮ ವಿಶ್ವ ಅಂಥದ್ದಲ್ಲ, ನಿಜ. ಆದರೂ ಸಿದ್ಧಾಂತ ತಾನಾಗಿಯೇ ಕಾರಣವನ್ನು ಕಾಯುವುದಿಲ್ಲ ಎಂಬುದು ಅಂದೇ ಖಚಿತವಾಯಿತು.

ಸಿಂಗ್ಯುಲಾರಿಟಿ ಬರೀ ಗೋಳಾಕಾರದ ಸರಳ ಲೆಕ್ಕದ ದೋಷ ಇರಬಹುದೆಂಬ ಆಸೆ ಬಹಳ ಜನರಿಗಿತ್ತು. 1955ರಲ್ಲಿ ಅಮಲ್ ಕುಮಾರ್ ರಾಯ್‌ಚೌಧುರಿ ಪ್ರಕಟಿಸಿದ ಸಮೀಕರಣ ಆ ಆಸೆಯ ಬುಡ ಅಲುಗಾಡಿಸಿತು: ಗುರುತ್ವ ಸೆಳೆಯುತ್ತಿರುವ ತನಕ, ತಿರುಗುವಿಕೆ ಇಲ್ಲದಿದ್ದರೆ, ವಸ್ತುಗಳ ಹಾದಿಗಳು ಒಂದರತ್ತ ಇನ್ನೊಂದು ಬಾಗುತ್ತವೆ, ಯಾವ ಆಕಾರವೇ ಇರಲಿ. 1965ರಲ್ಲಿ ರೋಜರ್ ಪೆನ್‌ರೋಸ್ ಇದನ್ನು ಕುಸಿಯುವ ನಕ್ಷತ್ರಕ್ಕೆ ಹಚ್ಚಿ, ಒಂದು ಮಿತಿ ದಾಟಿದ ಮೇಲೆ ಕೆಲವು ಹಾದಿಗಳು ಅರ್ಧಕ್ಕೇ ನಿಲ್ಲಲೇಬೇಕೆಂದು ಸಾಧಿಸಿದರು. 2020ರ ನೊಬೆಲ್ ಅವರಿಗೆ ಬಂದದ್ದು ಈ ಕೆಲಸಕ್ಕೆ. ರಾಯ್‌ಚೌಧುರಿ ಹೆಸರು ನಮ್ಮ ಪಠ್ಯಪುಸ್ತಕಗಳಲ್ಲಿ ಇನ್ನೂ ದೊಡ್ಡದಾಗಿ ಬರಬೇಕಿತ್ತು ಎಂಬುದು ನನ್ನ ಕೊರಗು.

ಕಾಲ ಮುಗಿಯುವ ಜಾಗ ಘಟನಾ ದಿಗಂತದ ಹಿಂದೆ ಮರೆಯಾಗಿದ್ದರೆ ಹೊರಗಿನ ನಮಗೆ ತೊಂದರೆಯಿಲ್ಲ. ಅಲ್ಲಿಂದ ಯಾವ ಸುದ್ದಿಯೂ ಬಾರದು. ಮರೆ ಇಲ್ಲದಿದ್ದರೆ? ಯಾವ ನಿಯಮಕ್ಕೂ ಒಳಪಡದ ಜಾಗದಿಂದ ಬೆಳಕು ಹೊರಬಂದರೆ, ನಾಳೆ ಏನಾದೀತೆಂದು ಇಂದಿನಿಂದ ಹೇಳಲಾಗದು. ಪ್ರಕೃತಿ ಹಾಗಾಗಗೊಡುವುದಿಲ್ಲ ಎಂದು ಪೆನ್‌ರೋಸ್ 1969ರಲ್ಲಿ ಊಹಿಸಿದರು. ಅದು ಊಹೆ ಮಾತ್ರ, ಪುರಾವೆ ಇಂದಿಗೂ ಸಿಕ್ಕಿಲ್ಲ.

ಇಲ್ಲಿ ಮುಂಬಯಿ ಬರುತ್ತದೆ. ಟಾಟಾ ಸಂಸ್ಥೆಯ ಪಂಕಜ್ ಜೋಶಿ ಮತ್ತು ಐ.ಎಚ್. ದ್ವಿವೇದಿ 1993ರಲ್ಲಿ ಹಳೆಯ ಧೂಳಿನ ಗೋಳವನ್ನೇ ಮತ್ತೆ ಕೈಗೆತ್ತಿಕೊಂಡರು, ಒಂದೇ ಒಂದು ಬದಲಾವಣೆಯೊಂದಿಗೆ. ಓಪನ್‌ಹೈಮರ್‌ ಗೋಳದಲ್ಲಿ ಧೂಳು ಎಲ್ಲೆಡೆ ಒಂದೇ ಸಮ. ಪದರಗಳೆಲ್ಲ ಒಟ್ಟಿಗೆ ಕೇಂದ್ರ ಮುಟ್ಟುತ್ತವೆ, ಅಷ್ಟರೊಳಗೆ ದಿಗಂತ ಮುಚ್ಚಿಕೊಂಡಿರುತ್ತದೆ. ನಿಜವಾದ ನಕ್ಷತ್ರದಲ್ಲಿ ನಡುವೆ ದಟ್ಟ, ಅಂಚಿನತ್ತ ತೆಳು. ಹಾಗೆ ಇಟ್ಟರೆ ಕೇಂದ್ರ ಮೊದಲು ಕುಸಿಯುತ್ತದೆ, ಹೊರ ಪದರಗಳು ಹಿಂದೆ ಬೀಳುತ್ತವೆ. ಸಾಂದ್ರತೆ ಇಳಿಯುವ ರೀತಿ ಸರಿಹೊಂದಿದರೆ, ದಿಗಂತ ಕಟ್ಟಿಕೊಳ್ಳುವ ಮೊದಲೇ ಬೆಳಕಿಗೆ ಸಂದು ಸಿಗುತ್ತದೆ. ಬತ್ತಲೆ ಸಿಂಗ್ಯುಲಾರಿಟಿ! ಧೂಳಿಗೆ ಒತ್ತಡವಿಲ್ಲ, ನಕ್ಷತ್ರಕ್ಕಿದೆ ಎಂಬ ಆಕ್ಷೇಪ ಸಹಜ, ಅದರ ಮೇಲೆ ಚರ್ಚೆ ನಿಂತಿಲ್ಲ. ಅದೇ 1993ರಲ್ಲಿ ಮ್ಯಾಥ್ಯೂ ಚಾಪ್ಟುಯಿಕ್ ಕಂಪ್ಯೂಟರಿನಲ್ಲಿ ಬೇರೊಂದು ಬಗೆಯ ಕುಸಿತ ನಡೆಸಿದಾಗಲೂ, ಬಹಳ ನಾಜೂಕಾಗಿ ಹೊಂದಿಸಿದರೆ, ಬತ್ತಲೆ ಸಿಂಗ್ಯುಲಾರಿಟಿ ಕಾಣಿಸಿತು. ಸ್ಟೀಫನ್ ಹಾಕಿಂಗ್ ಬತ್ತಲೆ ಸಿಂಗ್ಯುಲಾರಿಟಿ ಇರಲಾರದೆಂದು 1991ರಲ್ಲಿ ಕಟ್ಟಿದ್ದ ಬಾಜಿಯನ್ನು 1997ರಲ್ಲಿ ಸೋತೆ ಎಂದು ಒಪ್ಪಿಕೊಂಡದ್ದು ಇದರಿಂದಲೇ.

ಗಣಿತ ಹೀಗೆ ಎರಡೂ ಕಡೆ ಎಳೆಯುವಾಗ, ಪರೀಕ್ಷಿಸಿ ನೋಡುವ ದಾರಿಯನ್ನು ಬಹಳ ಮೊದಲೇ ತೋರಿದ್ದವರು ಕನ್ನಡಿಗ ಸಿ.ವಿ. ವಿಶ್ವೇಶ್ವರ. ಬೆಂಗಳೂರಿನ ಈ ತರುಣ ಅಮೆರಿಕದ ಮೇರಿಲ್ಯಾಂಡ್ ವಿಶ್ವವಿದ್ಯಾಲಯದಲ್ಲಿ ಚಾರ್ಲ್ಸ್ ಮಿಸ್ನರ್ ಬಳಿ ಸಂಶೋಧನೆ ಮಾಡುವಾಗ ಕಪ್ಪುಕುಳಿ ಇದೆಯೆಂದೇ ಹಲವರು ನಂಬುತ್ತಿರಲಿಲ್ಲ. ಕುಳಿಯನ್ನು ಅಲುಗಾಡಿಸಿದರೆ ಅದು ತಡೆದುಕೊಳ್ಳುತ್ತದೆಯೇ ಎಂದು ಕೇಳಿ, ಹೌದೆಂಬ ಉತ್ತರ ಕಂಡುಕೊಂಡರು. ಆಮೇಲೆ ಗುರುತ್ವದ ಅಲೆಗಳನ್ನು ಕುಳಿಯ ಮೇಲೆ ಹಾಯಿಸುವ ಲೆಕ್ಕ ಹಿಡಿದರು. ಅಗಲವಾದ ಅಲೆಕಂತೆ ಕಳಿಸಿದಾಗ ಗುರುತೇ ಇಲ್ಲ. ಕಂತೆಯನ್ನು ಕುಳಿಯ ಗಾತ್ರದ ಮಟ್ಟಕ್ಕೆ ಕಿರಿದಾಗಿಸಿದಾಗ, ಚದುರಿ ಬಂದ ಅಲೆಯ ಬಾಲದಲ್ಲಿ ಬಡಿದ ಗಂಟೆಯಂತೆ ಮಿಡಿದು ಬೇಗನೆ ಅಡಗುವ ಕಂಪನ ಕಂಡಿತು. ಎಂಥ ಅಲೆ ಕಳಿಸಿದರೂ ಕಂಪನ ಅದೇ. ಕುಳಿಯ ದ್ರವ್ಯರಾಶಿಯೇ ಅದನ್ನು ನಿರ್ಧರಿಸುತ್ತಿತ್ತು. 1970ರಲ್ಲಿ ‘ನೇಚರ್’ ಇದನ್ನು ಪ್ರಕಟಿಸಿತು. ಊರಿಗೆ ಮರಳಿದ ಅವರು ಮುಂದೆ ಬೆಂಗಳೂರಿನ ನೆಹರೂ ತಾರಾಲಯವನ್ನು ಕಟ್ಟಿ ಬೆಳೆಸಿದರು.

2015ರ ಸೆಪ್ಟೆಂಬರ್ 14ರಂದು ಗುರುತ್ವದ ಅಲೆಗಳನ್ನು ಪತ್ತೆಹಚ್ಚುವ ಲೈಗೊ ಉಪಕರಣಗಳು, ಸುಮಾರು 130 ಕೋಟಿ ಜ್ಯೋತಿರ್ವರ್ಷ ದೂರದಲ್ಲಿ ಎರಡು ಕಪ್ಪುಕುಳಿಗಳು ಕೂಡಿಕೊಂಡ ಅಲೆಯನ್ನು ಹಿಡಿದವು. ಕೊನೆಯಲ್ಲಿ ಅಡಗುವ ಕಂಪನ ಲೆಕ್ಕಕ್ಕೆ ಹೊಂದಿಕೊಂಡಿತ್ತು. 2017ರ ಜನವರಿಯಲ್ಲಿ ತೀರಿಕೊಂಡ ವಿಶ್ವೇಶ್ವರ ಅದನ್ನು ಕಣ್ಣಾರೆ ಕಂಡರು ಎಂಬುದು ನನಗೆ ದೊಡ್ಡ ಸಮಾಧಾನ.

2019ರಲ್ಲಿ ಎಂ87 ಗೆಲಾಕ್ಸಿಯ, 2022ರಲ್ಲಿ ನಮ್ಮದೇ ಆಕಾಶಗಂಗೆಯ ನಡುವಿನ ಕಪ್ಪು ನೆರಳಿನ ಚಿತ್ರಗಳು ಬಂದವು. ನೆರಳು ಕಂಡಿತೆಂದ ಮಾತ್ರಕ್ಕೆ ದಿಗಂತ ಇದೆ ಎನ್ನುವಂತಿಲ್ಲ. ಕೆಲವು ಬಗೆಯ ಬತ್ತಲೆ ಸಿಂಗ್ಯುಲಾರಿಟಿಗಳೂ ನೆರಳು ಬೀರಬಲ್ಲವೆಂದು ಜೋಶಿ ಮತ್ತು ಸಂಗಡಿಗರು ತೋರಿಸಿದ್ದಾರೆ. ಹಾಗಾಗಿ ನನಗೆ ನಂಬಿಕೆಯಿರುವುದು ಕಂಪನದ ಮೇಲೆ. ದಿಗಂತದ ಜಾಗದಲ್ಲಿ ಬೇರೇನಾದರೂ ಇದ್ದರೆ, ಮೊದಲ ಕಂಪನ ಅಡಗಿದ ಮೇಲೆ ಕ್ಷೀಣ ಮರುದನಿಗಳು ಬರಬಹುದೆಂಬ ಲೆಕ್ಕಗಳಿವೆ. ಒಪ್ಪುವಂಥ ಪುರಾವೆ ಇನ್ನೂ ಇಲ್ಲ. ಮಹಾರಾಷ್ಟ್ರದ ಹಿಂಗೋಲಿ ಜಿಲ್ಲೆಯಲ್ಲಿ ಏಳಲಿರುವ ಲೈಗೊ–ಇಂಡಿಯಾಕ್ಕೆ ಕೇಂದ್ರ ಸಂಪುಟ 2023ರ ಏಪ್ರಿಲ್‌ನಲ್ಲಿ 2,600 ಕೋಟಿ ರೂಪಾಯಿ ಮಂಜೂರು ಮಾಡಿದೆ. ಅಲ್ಲಿ ಕಿವಿಗೊಟ್ಟು ಕೇಳಬೇಕಾದದ್ದು ಆ ಮರುದನಿಯನ್ನೇ.