ದೊಮ್ಮಲೂರಿನಿಂದ ಹಲಸೂರು ಗೇಟಿನವರೆಗೆ: ದಂಡು ಪ್ರದೇಶದ ಒಂದು ನಡಿಗೆ

ಬೆಂಗಳೂರಿನ ದಂಡು ಪ್ರದೇಶವನ್ನು ಕಾಲ್ನಡಿಗೆಯಲ್ಲಿ ತೋರಿಸುವ ಪರಿಪಾಠ ಈಚಿನ ಎರಡು ದಶಕಗಳಲ್ಲಿ ಚೆನ್ನಾಗಿ ಬೇರೂರಿದೆ. ಇಂಟ್ಯಾಕ್ ಸಂಸ್ಥೆಯ ಬೆಂಗಳೂರು ಶಾಖೆಯವರು 'ಪರಿಚಯ' ಎಂಬ ಹೆಸರಿನಲ್ಲಿ ನಡೆಸುವ ನಡಿಗೆಗಳಿವೆ. ಖಾಸಗಿಯಾಗಿ ನಡೆಸುವವರೂ ಇದ್ದಾರೆ. ಹತ್ತು ಹದಿನೈದು ಜನರ ಗುಂಪು, ಮುಂದೆ ಒಬ್ಬ ಮಾರ್ಗದರ್ಶಿ, ಎರಡು ಮೂರು ಗಂಟೆಗಳ ಅವಧಿ. ಸಾಹಿತ್ಯದ ವಿದ್ಯಾರ್ಥಿಗಳಿಗೆ ಇದು ಹೊಸ ಸಂಗತಿಯಾಗಿ ತೋರಬೇಕಾಗಿಲ್ಲ. ಅಷ್ಟಾದಶ ವರ್ಣನೆಗಳಲ್ಲಿ ಪುರವರ್ಣನೆಗೆ ಸ್ಥಾನ ಕೊಟ್ಟ ನಮ್ಮ ಕವಿಗಳು ನಗರವನ್ನು ಅನೇಕ ವೇಳೆ ನಡೆಯುವವನ ಕಣ್ಣಿನಿಂದಲೇ ಕಾಣಿಸಿದ್ದಾರೆ. ಪಂಪನ 'ವಿಕ್ರಮಾರ್ಜುನ ವಿಜಯ'ದ ನಾಲ್ಕನೆಯ ಆಶ್ವಾಸದಲ್ಲಿ ಸುಭದ್ರೆಯ ವಿರಹದಿಂದ ನಿದ್ದೆ ಬಾರದ ಅರ್ಜುನನು ಬೆಳುದಿಂಗಳ ರಾತ್ರಿ ದ್ವಾರಾವತಿಯ ಸೂಳೆಗೇರಿಯಲ್ಲಿ ಸುತ್ತಾಡುವ ಸಂದರ್ಭವನ್ನು ನೆನೆಯಬಹುದು. ಅವನು ಹಾದುಹೋಗುವ ಕ್ರಮದಲ್ಲಿಯೇ ಊರು ನಮಗೆ ತೆರೆದುಕೊಳ್ಳುತ್ತದೆ. ಆ ಕ್ರಮವನ್ನು ಗೊತ್ತುಮಾಡುವವನು ಕವಿ. ಇಂದಿನ ನಡಿಗೆಗಳಲ್ಲಿ ಅದನ್ನು ಗೊತ್ತುಮಾಡುವವನು ಮಾರ್ಗದರ್ಶಿ. ನಾನು ಇಲ್ಲಿ ಹೇಳಹೊರಟಿರುವುದು ಈ ಕ್ರಮವನ್ನು ಕುರಿತ ಮಾತು.

ಕೆಲವು ವರ್ಷಗಳ ಹಿಂದೆ ಇಂತಹದೊಂದು ನಡಿಗೆಯಲ್ಲಿ ನಾನೂ ಭಾಗವಹಿಸಿದ್ದೆ. ಮಹಾತ್ಮ ಗಾಂಧಿ ರಸ್ತೆಯ ಪೂರ್ವದ ತುದಿಯಲ್ಲಿರುವ ಟ್ರಿನಿಟಿ ಚರ್ಚಿನ ಅಂಗಳದಲ್ಲಿ ಬೆಳಗ್ಗೆ ಏಳಕ್ಕೆ ಸೇರಿದೆವು. ಮಾರ್ಗದರ್ಶಿ ಸೊಗಸಾಗಿ ಕಥೆ ಹೇಳಬಲ್ಲವರು. 1799ರಲ್ಲಿ ಶ್ರೀರಂಗಪಟ್ಟಣ ಬಿದ್ದದ್ದು, ಅಲ್ಲಿಯ ಜ್ವರ ತಾಳಲಾರದೆ ಸೈನ್ಯವು ಬೆಂಗಳೂರಿಗೆ ಬಂದದ್ದು, 1809ರಲ್ಲಿ ದಂಡು ನೆಲೆಗೊಂಡದ್ದು, 1881ರಲ್ಲಿ ಮೈಸೂರು ರಾಜ್ಯ ಒಡೆಯರಿಗೆ ಹಿಂದಿರುಗಿದರೂ ಸುಮಾರು 13 ಚದರ ಮೈಲಿಯ ಈ ನೆಲ ಸಿವಿಲ್ ಅಂಡ್ ಮಿಲಿಟರಿ ಸ್ಟೇಷನ್ ಎಂಬ ಹೆಸರಿನಿಂದ ಬ್ರಿಟಿಷರ ಬಳಿಯೇ ಉಳಿದದ್ದು, 1947ರ ಜುಲೈನಲ್ಲಿ ಮೈಸೂರಿಗೆ ಮರಳಿದ್ದು, 1949ರಲ್ಲಿ ಪೇಟೆ ಮತ್ತು ದಂಡುಗಳೆರಡೂ ಒಂದೇ ನಗರಸಭೆಯ ಅಡಿಗೆ ಬಂದದ್ದು, ಇವೆಲ್ಲವನ್ನೂ ತಪ್ಪಿಲ್ಲದೆ ಹೇಳಿದರು. ಆದರೆ ಅವರ ಮೊದಲ ವಾಕ್ಯ ಹೀಗಿತ್ತು: 1809ಕ್ಕೆ ಮುಂಚೆ ಇಲ್ಲಿ ಕುರುಚಲು ಗಿಡ, ಬಂಡೆ ಬಿಟ್ಟರೆ ಏನೂ ಇರಲಿಲ್ಲ. ನಾನು ಆಗ ಸುಮ್ಮನಿದ್ದೆ. ಪರಿಚಯವಿಲ್ಲದ ಹನ್ನೆರಡು ಜನರ ನಡುವೆ ಬಾಯಿ ಹಾಕುವುದು ಸೌಜನ್ಯವಲ್ಲವೆಂದು ಅನ್ನಿಸಿತು. ಆ ಮೌನದ ಬಗ್ಗೆ ಅನಂತರ ನನಗೆ ಅಸಮಾಧಾನವಾಯಿತು. ನಿಂತ ಜಾಗದಿಂದ ಅರ್ಧ ಗಂಟೆ ನಡೆದರೆ ಆ ವಾಕ್ಯವನ್ನು ಸುಳ್ಳು ಮಾಡುವ ಕಲ್ಲುಗಳಿವೆ.

ಅದೇ ಕಾರಣದಿಂದ, ಮುಂದೊಮ್ಮೆ ಎಂಟು ಮಂದಿ ಸ್ನಾತಕೋತ್ತರ ವಿದ್ಯಾರ್ಥಿಗಳನ್ನು ಕರೆದುಕೊಂಡು ಹೋಗುವ ಸಂದರ್ಭ ಬಂದಾಗ ಕ್ರಮವನ್ನು ಬದಲಿಸಿದೆ. ಕೈಯಲ್ಲಿ 'ಎಪಿಗ್ರಾಫಿಯಾ ಕರ್ನಾಟಿಕಾ' ಒಂಬತ್ತನೆಯ ಸಂಪುಟದ ಕೆಲವು ಪುಟಗಳ ನೆರಳಚ್ಚು ಇತ್ತು. ಬೆಂಗಳೂರು ಜಿಲ್ಲೆಯ ಶಾಸನಗಳಿರುವ ಈ ಸಂಪುಟವನ್ನು ಬಿ. ಎಲ್. ರೈಸ್ 1905ರಲ್ಲಿ ಪ್ರಕಟಿಸಿದರು. 1837ರಲ್ಲಿ ಬೆಂಗಳೂರಿನಲ್ಲಿಯೇ ಹುಟ್ಟಿದ ರೈಸ್ ಅವರು ಭಟ್ಟಾಕಳಂಕನ 'ಶಬ್ದಾನುಶಾಸನ'ವನ್ನೂ 'ಕವಿರಾಜಮಾರ್ಗ'ವನ್ನೂ 'ಪಂಪಭಾರತ'ವನ್ನೂ ಅಚ್ಚಿಗೆ ತಂದವರೆಂಬುದು ಈ ಓದುಗರಿಗೆ ತಿಳಿದ ವಿಷಯ.

ಮೊದಲು ಹೋದದ್ದು ದೊಮ್ಮಲೂರಿನ ಚೊಕ್ಕನಾಥ ದೇವಾಲಯಕ್ಕೆ. ಇಂದಿರಾನಗರದ ಅಂಗಡಿಸಾಲುಗಳಿಂದ ದೂರವಿಲ್ಲದ ಎತ್ತರದ ಜಾಗ ಅದು. ಇಲ್ಲಿಯ 13ನೆಯ ಶತಮಾನದ ಶಾಸನಗಳ ಭಾಷೆ ತಮಿಳು. ಊರಿನ ಹೆಸರು ತೊಂಬಲೂರು. ಅದಕ್ಕೆ ದೇಶಿಮಾಣಿಕ್ಕಪಟ್ಟಣ ಎಂಬ ಇನ್ನೊಂದು ಹೆಸರು. ಅದು ಸೇರಿದ್ದ ನಾಡು ಇಲೈಪ್ಪಾಕ್ಕ ನಾಡು, ಎಂದರೆ ನಮ್ಮ ಯಲಹಂಕ ನಾಡು. 'ದೇಶಿ', 'ಪಟ್ಟಣ' ಎಂಬ ಎರಡೂ ಮಾತುಗಳು ವರ್ತಕ ಸಂಘಗಳ ಪರಿಭಾಷೆಗೆ ಸೇರಿದವು. ಕುರುಚಲು ಕಾಡಿನಲ್ಲಿ ವರ್ತಕರು ಪಟ್ಟಣ ಕಟ್ಟುವುದಿಲ್ಲ. ಬಾಗಿಲವಾಡದ ಕಂಬಗಳನ್ನು ಮಾಡಿಸಿಕೊಟ್ಟ ದಾನವನ್ನೂ ಇಲ್ಲಿಯ ಶಾಸನವೊಂದು ದಾಖಲಿಸುತ್ತದೆ. ದೊಡ್ಡ ದತ್ತಿಗಳ ನಡುವೆ ಇಂತಹ ಸಣ್ಣ ದಾನವೇ ಊರಿನ ದಿನಬಳಕೆಯನ್ನು ಹೆಚ್ಚಾಗಿ ತಿಳಿಸುತ್ತದೆ ಎಂದು ನನ್ನ ಭಾವನೆ.

ಆಗ ಒಬ್ಬ ವಿದ್ಯಾರ್ಥಿ, ತಮಿಳಿನಲ್ಲಿರುವ ಈ ಶಾಸನವನ್ನು ಕನ್ನಡ ವಿಭಾಗದವರು ಏಕೆ ನೋಡಬೇಕು ಎಂದು ನೇರವಾಗಿಯೇ ಕೇಳಿದನು. ಪ್ರಶ್ನೆ ಸಾಮಾನ್ಯವಾದುದಲ್ಲ. ದಂಡಿನ ತಮಿಳರು 1809ರಲ್ಲಿ ಮದರಾಸಿನ ಪಡೆಗಳ ಹಿಂದೆ ಬಂದವರೆಂದು ಹೇಳುವವರಿಗೆ ಈ ಕಲ್ಲು ಅಡ್ಡಿಯಾಗುತ್ತದೆ. ಈ ನೆಲ ಮೊದಲಿನಿಂದಲೂ ತಮಿಳರದೆಂದು ಹೇಳಬಯಸುವವರಿಗೆ ಅನುಕೂಲವಾಗಿ ಕಾಣುತ್ತದೆ. ಎರಡು ಕಡೆಯವರೂ ಶಾಸನವನ್ನು ಜಮೀನಿನ ಹಕ್ಕುಪತ್ರದಂತೆ ಹಿಡಿದುಕೊಂಡು ವಾದಿಸಿರುವುದನ್ನು ನಾನು ಕಂಡಿದ್ದೇನೆ. ಶಾಸನದ ಒಳಗಿನ ಸಂಗತಿ ಬೇರೆಯೇ ಇದೆ. ಗಂಗವಾಡಿಯನ್ನು ಚೋಳರು ಹಿಡಿದದ್ದು 11ನೆಯ ಶತಮಾನದ ಆರಂಭದಲ್ಲಿ. 1116ರ ಸುಮಾರಿಗೆ ವಿಷ್ಣುವರ್ಧನನು ತಲಕಾಡನ್ನು ಗೆದ್ದ ಮೇಲೆ ಚೋಳರ ಅಧಿಕಾರ ಇಲ್ಲಿಂದ ಹಿಂದೆ ಸರಿಯಿತು. ಬರವಣಿಗೆಯ ಭಾಷೆ ಮಾತ್ರ ಅನೇಕ ಕಡೆ ಹಾಗೆಯೇ ಉಳಿಯಿತು. ಸೋಮೇಶ್ವರನ ಅನಂತರ 1254ರಲ್ಲಿ ಹೊಯ್ಸಳ ರಾಜ್ಯವು ಇಬ್ಬರು ಮಕ್ಕಳಲ್ಲಿ ಹಂಚಿಹೋದಾಗ ತಮಿಳು ಭಾಗವನ್ನು ಪಡೆದ ರಾಮನಾಥನ ಅಧಿಕಾರ ಈ ಪ್ರದೇಶದ ಮೇಲೂ ನಡೆಯಿತು. ದೊಮ್ಮಲೂರಿನ ತಮಿಳು ಶಾಸನಗಳು ಹೇಳುವ ಅರಸ ಈ ಹೊಯ್ಸಳ ರಾಮನಾಥನೇ. ಕನ್ನಡದ ಅರಸುಮನೆತನವೊಂದು ತನ್ನ ನಾಡಿನ ಪೂರ್ವ ಅಂಚಿನಲ್ಲಿ ಅಲ್ಲಿಯ ಲಿಪಿಕಾರರ ಭಾಷೆಯಲ್ಲಿ ಬರೆಯಿಸಿದ ದಾಖಲೆ ಇದು. ಹೆಚ್ಚು ದೂರವಿಲ್ಲದ ವಿಭೂತಿಪುರದ 1307ರ ಶಾಸನವೂ ಹಾಗೆಯೇ: ಅರಸ ಮುಮ್ಮಡಿ ಬಲ್ಲಾಳ, ಭಾಷೆ ತಮಿಳು, ವಿಷಯ ಕಾಡು ಕಡಿದು ನೆಲ ಹದಮಾಡಿ ಕೆರೆ ಕಟ್ಟಿ ಊರು ಮಾಡಿದ್ದು. ಕುರುಚಲು ಕಡಿಯುವ ಕೆಲಸ 1809ಕ್ಕೆ ಐನೂರು ವರ್ಷ ಮೊದಲೇ ಇಲ್ಲಿ ನಡೆದಿತ್ತು, ಅದನ್ನು ಮಾಡಿದವರು ಕಲ್ಲಿನಲ್ಲಿ ಬರೆಯಿಸಿಯೂ ಇಟ್ಟರು. ಅದೇ ಕಾಲದ ಬೆಂಗಳೂರಿನ ಸುತ್ತಲಿನ ಕನ್ನಡ ಶಾಸನಗಳನ್ನು ಇದರ ಪಕ್ಕದಲ್ಲಿಟ್ಟು ಓದಬೇಕಾದವರು ಕನ್ನಡ ವಿಭಾಗದವರೇ ಎಂದು ಆ ವಿದ್ಯಾರ್ಥಿಗೆ ಹೇಳಿದೆ. ಅವನು ಪೂರ್ತಿ ಒಪ್ಪಿದನೆಂದು ಹೇಳಲಾರೆ.

ಅಲ್ಲಿಂದ ಹಲಸೂರಿನ ಸೋಮೇಶ್ವರ ದೇವಾಲಯ. ಇದನ್ನು ಚೋಳರ ಕಾಲದ್ದೆಂದು ಹೇಳುವ ರೂಢಿಯಿದೆ. ಮೂಲ ಎಷ್ಟೇ ಹಳೆಯದಿರಲಿ, ಈಗ ಕಣ್ಣಿಗೆ ಬೀಳುವ ಗೋಪುರ, ಮಂಟಪ, ಕಂಬಗಳ ಬಹುಪಾಲು ವಿಜಯನಗರ ಶೈಲಿಯವು. ಯಲಹಂಕ ನಾಡಪ್ರಭುಗಳ ಕಾಲಕ್ಕೆ ಸಲ್ಲುವಂಥವು. ಇಲ್ಲಿ ಗುಂಪು ಸಣ್ಣದಾಗಿರುವುದರ ಪ್ರಯೋಜನ ತಿಳಿಯುತ್ತದೆ. ಮೂವತ್ತು ಜನರಿದ್ದರೆ ಗೋಡೆಯ ಉಬ್ಬುಶಿಲ್ಪಗಳನ್ನು ಹತ್ತಿರದಿಂದ ನೋಡಲಾಗುವುದಿಲ್ಲ, ಎಂಟು ಜನರಾದರೆ ಒಬ್ಬೊಬ್ಬರಾಗಿ ನಿಂತು ನೋಡಬಹುದು. ಗಿರಿಜಾಕಲ್ಯಾಣವಿದೆ, ಮಹಿಷಮರ್ದಿನಿಯಿದ್ದಾಳೆ, ತಮಿಳು ಶೈವ ಪರಂಪರೆಯ ನಾಯನ್ಮಾರರಿದ್ದಾರೆ, ಕೈಲಾಸವನ್ನು ಎತ್ತುತ್ತಿರುವ ರಾವಣನಿದ್ದಾನೆ. ಈ ಕೊನೆಯ ಶಿಲ್ಪದ ಮುಂದೆ ಹೆಚ್ಚು ಹೊತ್ತು ಕಳೆದೆವು. ಶೈವ ಕಥೆಯಲ್ಲಿ ಬೆಟ್ಟವನ್ನು ಅದುಮುವ ಕಾಲು ಶಿವನದು. ವಿಮಲಸೂರಿಯಿಂದ ಬಂದ ಜೈನ ರಾಮಾಯಣಗಳಲ್ಲಿ ಬೆಟ್ಟದ ಮೇಲೆ ತಪಸ್ಸಿನಲ್ಲಿರುವವನು ವಾಲಿಮುನಿ, ಅದುಮುವ ಹೆಬ್ಬೆರಳೂ ಅವನದೇ. ಶಿಲ್ಪದಲ್ಲಿ ಕಾಣುವುದು ಮೊದಲನೆಯದು. ಎರಡನೆಯದನ್ನು ಓದಿದ ವಿದ್ಯಾರ್ಥಿನಿಯೊಬ್ಬಳು ಅದನ್ನು ಉಳಿದವರಿಗೆ ತಾನಾಗಿಯೇ ವಿವರಿಸಿದಳು. ನನಗೆ ಮಾತಾಡುವ ಕೆಲಸ ತಪ್ಪಿತು. ದೇವಾಲಯದ ಎದುರಿನ ಕಲ್ಯಾಣಿ ಬಹುಕಾಲ ಮಣ್ಣಿನಡಿ ಮುಚ್ಚಿಹೋಗಿದ್ದು ಈಚೆಗೆ ಬೆಳಕಿಗೆ ಬಂದುದು. ಹಲಸಿನ ತೋಪಿನಿಂದ ಹಲಸೂರು ಎಂಬ ವ್ಯುತ್ಪತ್ತಿ ಸಹಜವಾಗಿದೆ. ಇಂಗ್ಲಿಷರ ನಾಲಗೆಯಲ್ಲಿ ಅದು ಅಲ್ಸೂರ್ ಆಯಿತು.

ಈಗ ಟ್ರಿನಿಟಿ ಚರ್ಚಿಗೆ ಬಂದೆವು. ಬೇರೆ ನಡಿಗೆಗಳು ಹೊರಡುವ ಜಾಗ ನಮಗೆ ನಾಲ್ಕನೆಯ ಗಂಟೆಯ ನಿಲ್ದಾಣವಾಯಿತು. 19ನೆಯ ಶತಮಾನದ ನಡುವೆ ಕಟ್ಟಿದ ಈ ದಂಡಿನ ಚರ್ಚಿನ ಒಳಗೋಡೆಗಳ ತುಂಬ ಸತ್ತ ಸೈನಿಕರ ಸ್ಮಾರಕ ಫಲಕಗಳಿವೆ. ಬೆಳಗಿನಿಂದ ಶಾಸನ ಓದಿ ಬಂದವರಿಗೆ ಇವು ಬೇರೆಯಾಗಿಯೇ ಕಂಡವು. ಸತ್ತವನ ಹೆಸರು, ಅವನು ಸೇರಿದ್ದ ಪಡೆ, ಸತ್ತ ಸ್ಥಳ, ತಿಥಿ, ಕಲ್ಲು ನಿಲ್ಲಿಸಿದವರಾರು ಎಂಬ ವಿವರ: ವೀರಗಲ್ಲಿನ ಅಂಗಗಳೂ ಇವೇ ಅಲ್ಲವೆ ಎಂದು ಒಬ್ಬಳು ಕೇಳಿದಳು. ಹೌದು, ಒಂದು ಮುಖ್ಯ ವ್ಯತ್ಯಾಸವಿದೆ. ಮದ್ದೂರಿನ ಬಳಿಯ ಆತಕೂರಿನಲ್ಲಿದ್ದು ಈಗ ಬೆಂಗಳೂರಿನ ಸರ್ಕಾರಿ ವಸ್ತುಸಂಗ್ರಹಾಲಯಕ್ಕೆ ಸೇರಿದ ಕಲ್ಲನ್ನು ನೋಡಿ. ತಕ್ಕೋಲದ ಯುದ್ಧದ ಕಾಲದ್ದು, ಕ್ರಿ.ಶ. 949–50. ಮಣಲೇರನ ಕಾಳಿ ಎಂಬ ನಾಯಿ ಹಂದಿಯೊಡನೆ ಹೋರಾಡಿ, ಎರಡೂ ಸತ್ತ ನೆನಪಿಗೆ ಅದನ್ನು ನಿಲ್ಲಿಸಿದರು. ಆ ಕಲ್ಲಿಗೆ ಭೂಮಿ ಬಿಟ್ಟರು. ಅದನ್ನು ಪೂಜಿಸದೆ ಉಣ್ಣುವ ಗೊರವನಿಗೆ ಪಾಪವೆಂದೂ ಬರೆದರು. ಕಲ್ಲಿನ ಮುಂದೆ ದಿನವೂ ಒಬ್ಬ ಮನುಷ್ಯ ನಿಲ್ಲಬೇಕೆಂಬ ಏರ್ಪಾಡು ಅದರ ಪಠ್ಯದಲ್ಲಿಯೇ ಇದೆ. ಚರ್ಚಿನ ಫಲಕಗಳು ತಮ್ಮನ್ನು ಓದುವವರಿಗಾಗಿ ಇಂತಹ ವ್ಯವಸ್ಥೆ ಮಾಡಿಕೊಂಡಿಲ್ಲ. ದೊಮ್ಮಲೂರಿನ ಶಾಸನಗಳ ದತ್ತಿಯಾದರೂ ಎಂದೋ ಹೋಯಿತು. ಈಗ ಎರಡರ ಮುಂದೆಯೂ ನಿಲ್ಲುವವರು ಇಂತಹ ಭಾನುವಾರದ ಗುಂಪುಗಳೇ.

ಶಿವಾಜಿನಗರದಲ್ಲಿ ಹೆಚ್ಚು ತಡೆಯಲಿಲ್ಲ, ಬಿಸಿಲೇರಿತ್ತು. ಸಂತ ಮೇರಿ ಬೆಸಿಲಿಕಾದ ಸ್ಥಳದಲ್ಲಿ 1818ರಲ್ಲಿ ಮೊದಲ ಪ್ರಾರ್ಥನಾಮಂದಿರವನ್ನು ಕಟ್ಟಿದವನು ಅಬ್ಬೆ ದುಬ್ವಾ. ಹಿಂದೂಗಳ ಆಚಾರವಿಚಾರಗಳನ್ನು ಕುರಿತ ಅವನ ಗ್ರಂಥವನ್ನು ನಮ್ಮ ಸಂಶೋಧಕರು ಈಗಲೂ ಉಲ್ಲೇಖಿಸುತ್ತಾರೆ, ಅವನ ಪೂರ್ವಗ್ರಹಗಳೊಡನೆ. ಈ ಪ್ರದೇಶದ ಹಳೆಯ ಹೆಸರು ಬ್ಲ್ಯಾಕ್‌ಪಳ್ಳಿ. ಬಿಳಿ ಅಕ್ಕಿ ಪಳ್ಳಿ ಎಂಬುದರಿಂದ ಬಂದಿತೆಂದು ಕೆಲವರು, ದಂಡಿನ ವಿನ್ಯಾಸ ಮಾಡಿದ ಬ್ಲೇಕಿಸ್ಟನ್ ಎಂಬ ಎಂಜಿನಿಯರನ ಹೆಸರಿನಿಂದ ಬಂದಿತೆಂದು ಕೆಲವರು. ನನಗೆ ಮೊದಲನೆಯದು ಹೆಚ್ಚು ಸಂಭವನೀಯವಾಗಿ ತೋರುತ್ತದೆ. ಅಧಿಕಾರಿಗಳ ಹೆಸರು ಹೊತ್ತ ದಂಡಿನ ಜಾಗಗಳು ಫ್ರೇಜರ್ ಟೌನ್, ರಸೆಲ್ ಮಾರುಕಟ್ಟೆ ಎಂಬ ಮಾದರಿಯವು, ಅವುಗಳಿಗೆ 'ಪಳ್ಳಿ' ಅಂಟಿಕೊಂಡದ್ದನ್ನು ನಾನು ಕಂಡಿಲ್ಲ.

ನಡಿಗೆ ಅಲ್ಲಿಗೆ ಮುಗಿಯಬೇಕಾಗಿತ್ತು. ಚಹಾ ಕುಡಿಯುವಾಗ ಒಬ್ಬನು, ಹಲಸೂರು ಗೇಟ್ ಎಂಬುದು ಹಲಸೂರಿನಲ್ಲಿ ಏಕಿಲ್ಲ ಎಂದು ಕೇಳಿದನು. ಅವನು ದಿನವೂ ಬಸ್ಸಿನಲ್ಲಿ ಆ ನಿಲ್ದಾಣವನ್ನು ದಾಟುವವನು. ಹಲಸೂರಿಗೆ ಹೋಗುವ ದಾರಿಯತ್ತ ತೆರೆಯುತ್ತಿದ್ದ ಪೇಟೆಯ ಬಾಗಿಲು ಅದು. ದಂಡು ಹುಟ್ಟುವ ಮೊದಲೇ ಹಲಸೂರು ಪೇಟೆಯ ಬಾಗಿಲೊಂದಕ್ಕೆ ಹೆಸರು ಕೊಡುವಷ್ಟು ದೊಡ್ಡ ಊರಾಗಿತ್ತು. ಎಲ್ಲರೂ ಬಸ್ಸು ಹತ್ತಿದೆವು. 1791ರ ಮಾರ್ಚ್ 7ರಂದು ಕಾರ್ನ್‌ವಾಲಿಸನ ಸೈನ್ಯ ಪೇಟೆಗೆ ನುಗ್ಗಿದ್ದು ಈ ಬಾಗಿಲಿನಿಂದ. ಬಾಗಿಲಲ್ಲಿ ಗುಂಡು ತಗುಲಿ ಸತ್ತ ಕರ್ನಲ್ ಮೂರ್‌ಹೌಸನ ಕೊನೆಯ ಗಳಿಗೆಯನ್ನು, ಆ ದಂಡಯಾತ್ರೆಯ ಜೊತೆಗಿದ್ದ ರಾಬರ್ಟ್ ಹೋಮ್ ಎಂಬ ಕಲಾವಿದ ಚಿತ್ರಿಸಿದ್ದಾನೆ. ಅದು ಲಂಡನ್ನಿನ ನ್ಯಾಷನಲ್ ಆರ್ಮಿ ಮ್ಯೂಸಿಯಮ್ಮಿನಲ್ಲಿದೆ. ಕೈಫೋನಿನ ಸಣ್ಣ ತೆರೆಯಲ್ಲಿ ಅದನ್ನು ತೆಗೆದು ಎಲ್ಲರೂ ಬಗ್ಗಿ ನೋಡಿದೆವು: ನಡುವೆ ಬಿದ್ದಿರುವ ಅಧಿಕಾರಿ, ಅವನನ್ನು ಹಿಡಿದುಕೊಂಡ ಜೊತೆಗಾರರು. ಬಾಗಿಲ ಒಳಗಡೆ ನಿಂತು ಪೇಟೆಯನ್ನು ಕಾಯುತ್ತ ಅಂದು ಸತ್ತವರಿಗೆ ಇಲ್ಲಿ ವೀರಗಲ್ಲು ಇದೆಯೇ ಎಂದು ಬೆಳಗ್ಗೆ ತಮಿಳು ಶಾಸನದ ಬಗ್ಗೆ ಕೇಳಿದ್ದವನೇ ಕೇಳಿದನು. ಪೊಲೀಸ್ ಠಾಣೆಯ ಎದುರು, ಬಸ್ಸುಗಳ ಗದ್ದಲದಲ್ಲಿ, ನಾವು ಹತ್ತು ನಿಮಿಷ ಸುತ್ತಮುತ್ತ ಹುಡುಕಿದೆವು.