ಭಾಲ್ಕಿಯ ವಕೀಲರು, ಹಳ್ಳಿಖೇಡದ ಕಾರ್ಖಾನೆ

ಬೆಳ್ಳಿಹಬ್ಬದ ಸಂಚಿಕೆಗೆ ಏನಾದರೂ ಬರೆದುಕೊಡಿರಿ ಅಂತ ನಮ್ಮ ಕಾರ್ಯದರ್ಶಿಯವರು ಎರಡು ಸಲ ಹೇಳಿ ಕಳಿಸಿದರು. ನಾನು ಎಸ್.ಎಸ್.ಎಲ್.ಸಿ. ತನಕ ಓದಿದ ಒಕ್ಕಲಿಗ, ದೊಡ್ಡ ಪಂಡಿತನಲ್ಲ. ಆದರೂ ನಮ್ಮ ಬೀದರ ಜಿಲ್ಲೆಯ ಸಹಕಾರದ ಮಾತು ಬಂದಾಗ ಒಬ್ಬ ವಕೀಲರ ಹೆಸರು ಬಿಟ್ಟು ಮುಂದೆ ಹೋಗಲು ಆಗುವುದಿಲ್ಲ. ಅವರು ಭಾಲ್ಕಿಯ ಶ್ರೀ ಭೀಮಣ್ಣ ಖಂಡ್ರೆಯವರು.

ಅವರು ಹುಟ್ಟಿದ್ದು 1923ರಲ್ಲಿ. ಆಗ ನಮ್ಮ ಕಡೆ ನಿಜಾಮರ ರಾಜ್ಯ. ಕೋರ್ಟು, ಕಚೇರಿ, ಪೊಲೀಸ ಠಾಣೆ ಎಲ್ಲಾ ಕಡೆ ಉರ್ದು. ಹೊಲ ನಮ್ಮದು, ಆದರೆ ಹೊಲದ ಕಾಗದ ಓದಲು ನಮಗೆ ಬರುತ್ತಿರಲಿಲ್ಲ. ನಮ್ಮ ಮನೆಯ ಪೆಟ್ಟಿಗೆಯಲ್ಲಿ ಇಂದಿಗೂ ಅಜ್ಜನ ಕಾಲದ ಉರ್ದು ಕಾಗದ ಇದಾವ. ಅವನ್ನು ಓದಿಸಲು ಈಗಲೂ ಹುಮನಾಬಾದಕ್ಕೆ ಹೋಗಿ ಉರ್ದು ಬಲ್ಲ ಹಿರಿಯರನ್ನು ಹುಡುಕಬೇಕು. ಅಂಥಾ ಕಾಲದಲ್ಲಿ ಕಾಯ್ದೆ ಬಲ್ಲ ವಕೀಲರೆಂದರೆ ಊರಿಗೆ ದೊಡ್ಡ ಆಧಾರ. ಹಳ್ಳಿಯವರು ವಕೀಲರ ಓಟ್ಯಾಗ ಕೂತು ಬರೀ ಕೇಸಿನ ಮಾತು ಹೇಳುತ್ತಿರಲಿಲ್ಲ. ಮಗನ ಸಾಲಿ, ಮಗಳ ಮದುವೆ, ಸಾಹುಕಾರನ ಬಡ್ಡಿ ಎಲ್ಲಾ ಅಲ್ಲೇ. ವಕೀಲರು ಚುನಾವಣೆಗೆ ನಿಂತಾಗ ಓಟು ಬಿದ್ದದ್ದು ಯಾಕೆ ಅಂದರೆ ಇದೇ ಕಾರಣ.

ವಕೀಲರೆಲ್ಲ ಒಳ್ಳೆಯವರು ಅಂತ ನಾನು ಹೇಳುವುದಿಲ್ಲ. ರಜಾಕಾರರ ಮುಖಂಡ ಖಾಸಿಂ ರಜ್ವಿ ಕೂಡ ಲಾತೂರಿನಲ್ಲಿ ವಕೀಲಿ ಮಾಡುತ್ತಿದ್ದವನೇ! ಅವನ ಜನರು 1948ರ ಮೇ ತಿಂಗಳಲ್ಲಿ ಬಸವಕಲ್ಯಾಣದ ಹತ್ತಿರದ ಗೋರಟಾ ಗ್ರಾಮದಲ್ಲಿ ಮಾಡಿದ ಕೊಲೆಗಳು ನಮ್ಮ ಹಿರಿಯರ ಬಾಯಲ್ಲಿ ಇನ್ನೂ ಇವೆ. 1948ರ ಸೆಪ್ಟೆಂಬರ 17ಕ್ಕೆ ನಿಜಾಮರ ಆಳಿಕೆ ಮುಗಿಯಿತು. ಆ ವಿಮೋಚನೆಯ ಹೋರಾಟದಲ್ಲಿ, ಅದರ ಮುಂದಿನ ಕರ್ನಾಟಕ ಏಕೀಕರಣದಲ್ಲಿ ಖಂಡ್ರೆಯವರು ಇದ್ದರು. ಭಾಲ್ಕಿ ಹಿರೇಮಠದ ಪೂಜ್ಯ ಚನ್ನಬಸವ ಪಟ್ಟದೇವರು ಹೊರಗೆ ಉರ್ದು ಬೋರ್ಡು ಹಾಕಿ ಒಳಗೆ ಕನ್ನಡ ಕಲಿಸಿದ ಊರು ಅದು. ಆ ಗಾಳಿ ಇವರಿಗೂ ತಾಗಿತ್ತು.

1956ರ ನವೆಂಬರ 1ಕ್ಕೆ ಹೈದರಾಬಾದ ರಾಜ್ಯ ಒಡೆದು ನಾವು ಮೈಸೂರು ರಾಜ್ಯಕ್ಕೆ ಬಂದೆವು. ನಮ್ಮ ಹಳೇ ಬೀದರ ಜಿಲ್ಲೆಯೂ ಮೂರು ಪಾಲಾಯಿತು. ಉದಗೀರ, ನಿಲಂಗಾ ಮುಂಬಯಿ ರಾಜ್ಯಕ್ಕೆ, ಜಹೀರಾಬಾದ, ನಾರಾಯಣಖೇಡ ಆಂಧ್ರಕ್ಕೆ ಹೋದವು. ಬೀಗರು ಆ ರಾಜ್ಯ, ನಾವು ಈ ರಾಜ್ಯ. ಬೆಂಗಳೂರಿನವರಿಗೆ ಬೀದರ ಎಂಬುದು ನಕಾಶೆಯ ತುದಿ. ಅಲ್ಲಿ ಹೋಗಿ ನಮ್ಮ ಮಾತು ಆಡುವ ಮನುಷ್ಯ ಬೇಕಾಗಿತ್ತು.

ಭಾಲ್ಕಿ ಪುರಸಭೆಯ ಅಧ್ಯಕ್ಷರಾಗಿ ಕೆಲಸ ಮಾಡಿದ್ದ ಖಂಡ್ರೆಯವರು 1962ರಲ್ಲಿ ಕಾಂಗ್ರೆಸ್ಸಿನಿಂದ ಭಾಲ್ಕಿಯ ಶಾಸಕರಾದರು. 1967ರಲ್ಲಿ ಮತ್ತೆ ಆರಿಸಿ ಬಂದರು. ಮಹಾರಾಷ್ಟ್ರದವರು ಬೀದರ ಕಡೆಯ ಹಳ್ಳಿಗಳನ್ನೂ ಕೇಳುತ್ತಿದ್ದ, ಮಹಾಜನ ಆಯೋಗ ಕೂತಿದ್ದ ಕಾಲ ಅದು. 1972ರಲ್ಲಿ ಸ್ಥಾನ ಬೇರೆಯವರಿಗೆ ಹೋಯಿತು. 1978 ಮತ್ತು 1983ರಲ್ಲಿ ಇವರೇ ಗೆದ್ದರು. 1985ರ ಜನತಾ ಅಲೆಯಲ್ಲಿ ಆ ಸ್ಥಾನ ಮತ್ತೆ ಕೈತಪ್ಪಿತು. ಮುಂದೆ ವಿಧಾನ ಪರಿಷತ್ತಿಗೆ ಹೋಗಿ ವೀರಪ್ಪ ಮೊಯಿಲಿಯವರ ಸರಕಾರದಲ್ಲಿ (1992-94) ಸಾರಿಗೆ ಮಂತ್ರಿಯಾದರು.

ಆದರೆ ನಮಗೆ ಒಕ್ಕಲಿಗರಿಗೆ ಅವರ ನೆನಪು ಮಂತ್ರಿಗಿರಿಯದಲ್ಲ, ಕಬ್ಬಿನದು. ಹುಮನಾಬಾದ ತಾಲೂಕಿನ ಹಳ್ಳಿಖೇಡ (ಬಿ)ದ ಬೀದರ ಸಹಕಾರಿ ಸಕ್ಕರೆ ಕಾರ್ಖಾನೆ ಕಟ್ಟಲು ಮುಂದೆ ನಿಂತವರಲ್ಲಿ ಅವರು ಮುಖ್ಯರು. ಅದಕ್ಕೆ ಮೊದಲು ಕಬ್ಬು ಬೆಳೆದವನಿಗೆ ಗಾಣ ಒಂದೇ ಗತಿ. ಬೆಲ್ಲ ಮಾಡಿ ಅಡತಿ ಅಂಗಡಿಗೆ ಹಾಕಿ, ಅವರು ಹೇಳಿದ ಧಾರಣೆಗೆ ಕೈ ಮುಗಿದು ಬರುವುದು. ಸಹಕಾರಿ ಕಾರ್ಖಾನೆ ಅಂದರೆ ರೈತನೇ ಶೇರುದಾರ, ರೈತನೇ ಮಾಲಿಕ. ಆದರೆ ಅದು ಬಾಯಿಮಾತಿನಿಂದ ಏಳುವುದಿಲ್ಲ. ಹಳ್ಳಿ ಹಳ್ಳಿ ತಿರುಗಿ ಶೇರು ಕೂಡಿಸಬೇಕು, ಬೈಲಾ ಬರೆದು ನೋಂದಣಿ ಮಾಡಿಸಬೇಕು, ದಿಲ್ಲಿಯಿಂದ ಲೈಸೆನ್ಸ ತರಬೇಕು, ಸರಕಾರದ ಪಾಲು, ಬ್ಯಾಂಕಿನ ಸಾಲ ತರಬೇಕು. ಇಲ್ಲಿ ವಕೀಲರ ವಿದ್ಯೆ ಉಪಯೋಗಕ್ಕೆ ಬಂತು ಅಂತ ನನ್ನ ತಿಳುವಳಿಕೆ. ಸಂಘದ ನಿರ್ದೇಶಕನಾಗಿ ನಾನು ಒಂದು ಬೈಲಾ ತಿದ್ದುಪಡಿಗೇ ನಾಲ್ಕು ಸಲ ಬೀದರಕ್ಕೆ ಅಲೆದವನು; ಒಂದು ಕಾರ್ಖಾನೆಗೆ ಎಷ್ಟು ಅಲೆದಿರಬೇಕು ನೀವೇ ಲೆಕ್ಕ ಹಾಕಿರಿ. ನಮ್ಮ ಅಜ್ಜ ರಾತ್ರಿಯೇ ಬಂಡಿ ಹೂಡಿ, ಬುತ್ತಿ ಕಟ್ಟಿಕೊಂಡು ಹಳ್ಳಿಖೇಡಕ್ಕೆ ಕಬ್ಬು ಒಯ್ಯುತ್ತಿದ್ದ. ಕಡಿದ ಕಬ್ಬು ನಿಂತರೆ ತೂಕ ಹೋಗುತ್ತದೆ, ಸಕ್ಕರೆಯೂ ಇಳಿಯುತ್ತದೆ. "ನಮ್ಮ ಕಾರ್ಖಾನಿಗೆ ಹೊಂಟೀನಿ" ಅಂತಿದ್ದನಂತೆ. ಆ 'ನಮ್ಮ' ಎಂಬ ಮಾತು ಗಮನಿಸಬೇಕು.

ಭಾಲ್ಕಿ ತಾಲೂಕಿನ ಹುಣಜಿಯ ಮಹಾತ್ಮಾ ಗಾಂಧಿ ಸಹಕಾರಿ ಸಕ್ಕರೆ ಕಾರ್ಖಾನೆಯೂ ಅವರ ಮುಂದಾಳತನದಲ್ಲೇ ಆದದ್ದು. ಭಾಲ್ಕಿಯಂಥ ಊರಲ್ಲಿ 1982ರಲ್ಲಿ ಶಾಂತಿವರ್ಧಕ ಶಿಕ್ಷಣ ಸಂಸ್ಥೆಯಿಂದ ಇಂಜಿನಿಯರಿಂಗ್ ಕಾಲೇಜು ತೆಗೆದಾಗ ಜನ ನಕ್ಕಿರಬಹುದು. ನಮ್ಮ ಕಡೆಯ ಎಷ್ಟೋ ಹುಡುಗರು ಹೊಲ ಮಾರದೆ ಇಂಜಿನಿಯರ ಆದದ್ದು ಅಲ್ಲೇ.

ಇನ್ನೊಂದು ಮಾತು ಮುಚ್ಚಿಡಬಾರದು. ಒಂದೇ ಮನೆಯಲ್ಲಿ ಇಷ್ಟು ಅಧಿಕಾರ ಯಾಕೆ ಅಂತ ಕೇಳುವವರು ಇದ್ದಾರೆ. ಮಗ ಡಾ. ವಿಜಯಕುಮಾರ ಶಾಸಕರಾದರು, 2008ರಿಂದ ಇನ್ನೊಬ್ಬ ಮಗ ಈಶ್ವರ ಖಂಡ್ರೆಯವರು ಭಾಲ್ಕಿಯಿಂದ ಆರಿಸಿ ಬಂದರು, 2024ರಲ್ಲಿ ಮೊಮ್ಮಗ ಸಾಗರ ಲೋಕಸಭೆಗೆ ಹೋದರು. ಎದುರು ಪಕ್ಷದಿಂದ 1999 ಮತ್ತು 2004ರಲ್ಲಿ ಗೆದ್ದವರೂ ಅದೇ ಮನೆತನದ ಪ್ರಕಾಶ ಖಂಡ್ರೆಯವರೇ! ಈ ಪ್ರಶ್ನೆ ಕೇಳುವುದು ತಪ್ಪಲ್ಲ. ಆದರೆ 1962ರಲ್ಲಿ ಆ ಮನೆಯವರನ್ನು ಯಾರೂ ಕರೆದು ಕುರ್ಚಿ ಕೊಟ್ಟಿರಲಿಲ್ಲ, ಅದೂ ನೆನಪಿರಲಿ.

ಹಳ್ಳಿಖೇಡದ ಕಾರ್ಖಾನೆ ಮುಂದೆ ಸಾಲದಲ್ಲಿ ಸಿಕ್ಕು ಕಬ್ಬು ಅರೆಯುವುದು ನಿಂತಿತು. ಕಟ್ಟಿದವರ ಕಾಲ ಬೇರೆ, ನಡೆಸಿದವರ ಕಾಲ ಬೇರೆ. ತಪ್ಪು ಯಾರದು ಎಂಬುದಕ್ಕೆ ಒಬ್ಬೊಬ್ಬರು ಒಂದೊಂದು ಹೇಳುತ್ತಾರೆ. ನನ್ನ ಮಟ್ಟಿಗೆ ಶೇರುದಾರರಾದ ನಮ್ಮ ಪಾಲೂ ಇದೆ: ವಾರ್ಷಿಕ ಸಭೆಗೆ ಹೋಗಿ ಜಮಾಖರ್ಚು ಕೇಳಿದವರು ಎಷ್ಟು ಮಂದಿ? ನಮ್ಮ ಸಂಘದ ಸಭೆಗೂ ಕೋರಂ ಆಗಲು ಡಂಗುರ ಹೊಡೆಸಬೇಕಾಗುತ್ತದೆ.

2023ಕ್ಕೆ ಖಂಡ್ರೆಯವರಿಗೆ ನೂರು ತುಂಬಿತು. ಆ ಕಾಲದಲ್ಲಿ ಶೇರು ಕೂಡಿಸಲು ಅವರ ಸಂಗಡ ಹಳ್ಳಿ ತಿರುಗಿದ ಹಿರಿಯರು ನಮ್ಮ ಸದಸ್ಯರ ಮನೆಗಳಲ್ಲಿ ಯಾರಾದರೂ ಇದ್ದರೆ ಸಂಘದ ಆಫೀಸಿಗೆ ತಿಳಿಸಿರಿ. ನಾನೇ ಬಂದು ಕೂತು ಬರಕೊಳ್ಳುತ್ತೇನೆ.