ಹುಲ್ಲಿನ ಅಟ್ಟದಿಂದ ಬಂದ ಕೋಚ್: ಪ್ಯಾಟ್ ಸಮ್ಮಿಟ್

1974ರ ಡಿಸೆಂಬರ್ 7ರಂದು ಅಮೆರಿಕದ ಟೆನೆಸೀ ವಿಶ್ವವಿದ್ಯಾಲಯದ ಮಹಿಳಾ ಬಾಸ್ಕೆಟ್‌ಬಾಲ್ ತಂಡ ಮರ್ಸರ್ ತಂಡದೆದುರು 84-83ರಿಂದ ಸೋತಿತು. ಸೋತ ತಂಡದ ಕೋಚ್ ಪ್ಯಾಟ್ ಹೆಡ್ ಎಂಬ 22 ವರ್ಷದ ತರುಣಿ. ತಂಡದ ಕೆಲವು ಆಟಗಾರ್ತಿಯರು ಆಕೆಗಿಂತ ಒಂದೇ ವರ್ಷ ಚಿಕ್ಕವರು. ತಿಂಗಳಿಗೆ ಸಿಗುತ್ತಿದ್ದುದು 250 ಡಾಲರ್. ಆಟಗಾರ್ತಿಯರ ಸಮವಸ್ತ್ರ ಒಗೆಯುವುದು, ಪಂದ್ಯಗಳಿಗೆ ವ್ಯಾನ್ ಓಡಿಸಿಕೊಂಡು ಹೋಗುವುದು ಎಲ್ಲವೂ ಕೋಚ್ ಕೆಲಸವೇ. ಆ ಸಮವಸ್ತ್ರಗಳಾದರೂ ಹಿಂದಿನ ವರ್ಷ ಡೋನಟ್ ಮಾರಿದ ಹಣದಿಂದ ಕೊಂಡವು.

ಆ ತರುಣಿಯೇ ಮುಂದೆ ಪ್ಯಾಟ್ ಸಮ್ಮಿಟ್ ಎಂದು ಹೆಸರಾದರು. 38 ಋತುಗಳಲ್ಲಿ 1,098 ಪಂದ್ಯ ಗೆದ್ದು, 208ರಲ್ಲಿ ಸೋತು, ಎಂಟು ರಾಷ್ಟ್ರೀಯ ಪ್ರಶಸ್ತಿಗಳನ್ನು ತಂಡಕ್ಕೆ ತಂದುಕೊಟ್ಟರು. ಅವರ ಬದುಕು ಒಬ್ಬ ಯಶಸ್ವಿ ಕೋಚ್‌ನ ಕತೆಯಷ್ಟೇ ಆಗಿ ಉಳಿಯದೆ, ಹೆಣ್ಣುಮಕ್ಕಳ ಆಟವೊಂದು ವಿನೋದದ ಮಟ್ಟದಿಂದ ವೃತ್ತಿಯ ಮಟ್ಟಕ್ಕೆ ಏರಿದ ಕತೆಯೂ ಆಗಿದೆ.

ಅರ್ಧ ಅಂಕಣದ ಆಟ

ಬಾಸ್ಕೆಟ್‌ಬಾಲ್ ಹುಟ್ಟಿದ್ದು 1891ರಲ್ಲಿ, ಮ್ಯಾಸಚೂಸೆಟ್ಸ್ ರಾಜ್ಯದ ಸ್ಪ್ರಿಂಗ್‌ಫೀಲ್ಡ್‌ನಲ್ಲಿ. ಚಳಿಗಾಲದಲ್ಲಿ ಹುಡುಗರಿಗೆ ಒಳಾಂಗಣದಲ್ಲಿ ಆಡಿಸಲೆಂದು ಜೇಮ್ಸ್ ನೈಸ್ಮಿತ್ ಪೀಚ್ ಹಣ್ಣಿನ ಬುಟ್ಟಿಗಳನ್ನು ಬಾಲ್ಕನಿಗೆ ಜಡಿದು ಈ ಆಟ ರೂಪಿಸಿದರು. ಮರುವರ್ಷವೇ ಸಮೀಪದ ಸ್ಮಿತ್ ಮಹಿಳಾ ಕಾಲೇಜಿನ ಶಿಕ್ಷಕಿ ಸೆಂಡಾ ಬೆರೆನ್ಸನ್ ಅದನ್ನು ಹುಡುಗಿಯರಿಗೆ ಕಲಿಸಿದರು. ಆದರೆ ಹೆಣ್ಣಿನ ದೇಹ ಅಷ್ಟು ಓಟ, ಅಷ್ಟು ಎಳೆದಾಟ ತಾಳಲಾರದು ಎಂಬುದು ಆ ಕಾಲದ ನಂಬಿಕೆ. ಹೀಗಾಗಿ ಅಂಕಣವನ್ನು ಮೂರು ಭಾಗ ಮಾಡಿ, ಯಾರೂ ತಮ್ಮ ಗೆರೆ ದಾಟಬಾರದೆಂಬ ನಿಯಮ ಬಂತು. ಇಂದು ನಮ್ಮ ಶಾಲೆಗಳಲ್ಲಿ ಆಡುವ ನೆಟ್‌ಬಾಲ್‌ನಲ್ಲಿ ಆಟಗಾರ್ತಿಯರಿಗೆ ನಿಗದಿತ ವಲಯಗಳಿರುವುದಕ್ಕೂ ಮೂಲ ಇದೇ.

ಈ ನಿಯಮ ಕಾಲಕ್ರಮದಲ್ಲಿ ಸಡಿಲಗೊಂಡರೂ ಪೂರ್ತಿ ಹೋಗಲಿಲ್ಲ. ಟೆನೆಸೀ ರಾಜ್ಯದ ಪ್ರೌಢಶಾಲೆಗಳಲ್ಲಿ 1979ರವರೆಗೂ ಹುಡುಗಿಯರದು ಆರು ಮಂದಿಯ ಆಟ. ಮೂವರು ಒಂದು ಅರ್ಧದಲ್ಲಿ ಚೆಂಡು ಬುಟ್ಟಿಗೆ ಹಾಕುವವರು, ಮೂವರು ಇನ್ನೊಂದು ಅರ್ಧದಲ್ಲಿ ತಡೆಯುವವರು. ತಡೆಯುವ ಹುಡುಗಿ ಇಡೀ ಶಾಲಾ ಜೀವನದಲ್ಲಿ ಒಮ್ಮೆಯೂ ಬುಟ್ಟಿಗೆ ಚೆಂಡೆಸೆಯದೆ ಇರಬಹುದಿತ್ತು. ಅಂಥವಳನ್ನು ಪೂರ್ಣ ಅಂಕಣದಲ್ಲಿ ಆಡುವ ಕಾಲೇಜು ತಂಡಕ್ಕೆ ಸೇರಿಸಿಕೊಳ್ಳುವುದಾದರೂ ಹೇಗೆ? ಈ ಪದ್ಧತಿ ತೊಲಗಬೇಕೆಂದು ಒತ್ತಾಯಿಸಿದವರಲ್ಲಿ ಸಮ್ಮಿಟ್ ಪ್ರಮುಖರು.

ಅಣ್ಣಂದಿರ ಜೊತೆ ಆಡಿ ಬೆಳೆದವಳು

ಪೆಟ್ರೀಷಿಯಾ ಸ್ಯೂ ಹೆಡ್ ಹುಟ್ಟಿದ್ದು 1952ರ ಜೂನ್ 14ರಂದು, ಟೆನೆಸೀಯ ಕ್ಲಾರ್ಕ್ಸ್‌ವಿಲ್‌ನಲ್ಲಿ. ಹಸು ಸಾಕಣೆ, ತಂಬಾಕು ಬೆಳೆಯ ಒಕ್ಕಲುತನದ ಮನೆ. ಮೂವರು ಅಣ್ಣಂದಿರು, ಒಬ್ಬಳು ತಂಗಿ. ಹಾಲು ಕರೆಯುವುದರಿಂದ ಹಿಡಿದು ಹೊಲದ ಕೆಲಸದವರೆಗೆ ಗಂಡು ಹೆಣ್ಣೆಂಬ ಭೇದವಿರಲಿಲ್ಲ. ಕತ್ತಲಾದ ಮೇಲೆ ಕೊಟ್ಟಿಗೆಯ ಹುಲ್ಲಿನ ಅಟ್ಟದಲ್ಲಿ ಬಾಸ್ಕೆಟ್‌ಬಾಲ್. ಅಣ್ಣಂದಿರು ತಂಗಿಯೆಂದು ರಿಯಾಯಿತಿ ತೋರುತ್ತಿರಲಿಲ್ಲ. ಸ್ಥಳೀಯ ಪ್ರೌಢಶಾಲೆಯಲ್ಲಿ ಹುಡುಗಿಯರ ತಂಡವಿಲ್ಲವೆಂದು ತಿಳಿದಾಗ ತಂದೆ ರಿಚರ್ಡ್ ಹೆಡ್ ಇಡೀ ಸಂಸಾರವನ್ನು ಪಕ್ಕದ ಜಿಲ್ಲೆಗೆ, ತಂಡವಿದ್ದ ಶಾಲೆಯ ವ್ಯಾಪ್ತಿಗೆ ಸಾಗಿಸಿದರು. ಮಗಳ ಆಟಕ್ಕಾಗಿ ಒಬ್ಬ ರೈತ ಮನೆ ಬದಲಿಸಿದ್ದು ಆ ಕಾಲಕ್ಕೆ ಸಣ್ಣ ಸಂಗತಿಯಲ್ಲ.

ಆದರೂ ಕಾಲೇಜಿನ ಬಾಗಿಲಲ್ಲಿ ಭೇದ ಎದುರಾಯಿತು. ಅಣ್ಣಂದಿರಿಗೆ ಕ್ರೀಡಾ ವಿದ್ಯಾರ್ಥಿವೇತನ ಸಿಕ್ಕಿತ್ತು. 1970ರಲ್ಲಿ ಮಾರ್ಟಿನ್‌ನ ಟೆನೆಸೀ ವಿಶ್ವವಿದ್ಯಾಲಯಕ್ಕೆ ಸೇರಿದ ತಂಗಿಗೆ ಅಂಥದೊಂದು ಇರಲೇ ಇಲ್ಲ. ತಂದೆ ತಾಯಿಯೇ ಶುಲ್ಕ ಕಟ್ಟಿದರು. ನೇಡೀನ್ ಗಿಯರಿನ್ ಎಂಬ ಶಿಕ್ಷಕಿಯ ತರಬೇತಿಯಲ್ಲಿ ಪ್ಯಾಟ್ ದೇಶದ ಅಗ್ರ ಆಟಗಾರ್ತಿಯರ ಸಾಲಿಗೆ ಸೇರಿದರು. ಕೊನೆಯ ವರ್ಷ ಮೊಣಕಾಲಿನ ಅಸ್ಥಿರಜ್ಜು ಹರಿಯಿತು. ಶಸ್ತ್ರಚಿಕಿತ್ಸೆಯ ನಂತರ ಸ್ನಾತಕೋತ್ತರ ಪದವಿಗಾಗಿ, ಸಹಾಯಕ ಕೋಚ್ ಆಗಲು ನಾಕ್ಸ್‌ವಿಲ್‌ಗೆ ಬಂದರೆ, ಅಲ್ಲಿನ ಮುಖ್ಯ ಕೋಚ್ ಅಧ್ಯಯನ ರಜೆ ಮೇಲೆ ಹೋದರು. ಜವಾಬ್ದಾರಿ ಈ 22ರ ಹುಡುಗಿಯ ಹೆಗಲಿಗೆ ಬಿತ್ತು. ಓದು, ಪಾಠ, ಕೋಚಿಂಗ್, ಕಾಲಿನ ವ್ಯಾಯಾಮ ಎಲ್ಲವನ್ನೂ ಒಟ್ಟಿಗೆ ನಿಭಾಯಿಸಿ, 1976ರಲ್ಲಿ ಮಾಂಟ್ರಿಯಲ್ ಒಲಿಂಪಿಕ್ಸ್‌ಗೆ ಅಮೆರಿಕ ತಂಡದ ಸಹನಾಯಕಿಯಾಗಿ ಹೋದರು. ಮಹಿಳಾ ಬಾಸ್ಕೆಟ್‌ಬಾಲ್ ಒಲಿಂಪಿಕ್ಸ್‌ಗೆ ಬಂದದ್ದೇ ಆ ವರ್ಷ. ಸೋವಿಯತ್ ತಂಡಕ್ಕೆ ಚಿನ್ನ, ಅಮೆರಿಕಕ್ಕೆ ಬೆಳ್ಳಿ. 1984ರ ಲಾಸ್ ಏಂಜಲೀಸ್ ಕೂಟದಲ್ಲಿ, ಸೋವಿಯತ್ ಬಹಿಷ್ಕಾರದ ನಡುವೆ, ಸಮ್ಮಿಟ್ ಕೋಚ್ ಆಗಿದ್ದ ಅಮೆರಿಕ ತಂಡ ಚಿನ್ನ ಗೆದ್ದಿತು.

37 ಪದಗಳ ಕಾನೂನು

ಪ್ಯಾಟ್ ಇನ್ನೂ ಕಾಲೇಜಿನಲ್ಲಿದ್ದಾಗಲೇ, 1972ರ ಜೂನ್ 23ರಂದು ಅಧ್ಯಕ್ಷ ನಿಕ್ಸನ್ ಒಂದು ಶಿಕ್ಷಣ ಕಾಯ್ದೆಗೆ ಸಹಿ ಹಾಕಿದ್ದರು. ಅದರ ಒಂಬತ್ತನೆಯ ಶೀರ್ಷಿಕೆ, ಅಂದರೆ ‘ಟೈಟಲ್ ನೈನ್’, ಇಂಗ್ಲಿಷಿನಲ್ಲಿ 37 ಪದಗಳ ಒಂದೇ ವಾಕ್ಯದಿಂದ ಆರಂಭವಾಗುತ್ತದೆ. ಕೇಂದ್ರ ಸರ್ಕಾರದ ಹಣ ಪಡೆಯುವ ಯಾವ ಶಿಕ್ಷಣ ಕಾರ್ಯಕ್ರಮದಲ್ಲೂ ಲಿಂಗಭೇದ ಮಾಡಬಾರದು ಎಂಬುದು ಅದರ ಸಾರ. ಆ ವಾಕ್ಯದಲ್ಲಿ ಕ್ರೀಡೆಯ ಪ್ರಸ್ತಾಪವೇ ಇಲ್ಲ. ಆದರೆ ಕಾಲೇಜು ಕ್ರೀಡೆಯೂ ಶಿಕ್ಷಣದ ಭಾಗವಾದ್ದರಿಂದ, 1975ರ ನಿಯಮಾವಳಿಯ ಪ್ರಕಾರ 1978ರೊಳಗೆ ವಿಶ್ವವಿದ್ಯಾಲಯಗಳು ಹೆಣ್ಣುಮಕ್ಕಳಿಗೂ ತಂಡ, ವಿದ್ಯಾರ್ಥಿವೇತನ, ಸೌಲಭ್ಯ ಒದಗಿಸಬೇಕಾಯಿತು. 1971-72ರಲ್ಲಿ ದೇಶದ ಪ್ರೌಢಶಾಲೆಗಳಲ್ಲಿ ಕ್ರೀಡಾ ತಂಡ ಸೇರಿದ್ದ ಹುಡುಗಿಯರು ಮೂರು ಲಕ್ಷಕ್ಕೂ ಕಡಿಮೆ. ನಾಲ್ಕು ದಶಕಗಳ ಬಳಿಕ ಅವರ ಸಂಖ್ಯೆ ಮೂವತ್ತು ಲಕ್ಷ ದಾಟಿತ್ತು.

ಕಾನೂನು ಬಾಗಿಲು ತೆರೆಯಬಲ್ಲದು. ಒಳಗೆ ಮನೆ ಕಟ್ಟುವವರು ಬೇರೆ ಬೇಕು. ಸಮ್ಮಿಟ್ ಮಾಡಿದ್ದು ಆ ಕೆಲಸ. ಅವರ ಶಿಸ್ತು ಕಠಿಣವಾದದ್ದು. ಆಟಗಾರ್ತಿಯರು ತರಗತಿಯಲ್ಲಿ ಮೊದಲ ಮೂರು ಸಾಲುಗಳಲ್ಲೇ ಕೂರಬೇಕು. ತರಗತಿ ತಪ್ಪಿಸಿದರೆ ಪಂದ್ಯವಿಲ್ಲ. ಅಭ್ಯಾಸಕ್ಕೆ ಎದುರಾಳಿಗಳಾಗಿ ಹುಡುಗರ ತಂಡ. ಅವರ ಬಳಿ ಪೂರ್ಣಾವಧಿ ಆಡಿದ ಪ್ರತಿಯೊಬ್ಬ ಆಟಗಾರ್ತಿಯೂ ಪದವಿ ಪಡೆದಳು ಎಂಬುದು, ಪ್ರಶಸ್ತಿಗಳಿಗಿಂತ ಮೇಲೆ ಇಡಬೇಕಾದ ದಾಖಲೆ.

ಮೊದಲ ರಾಷ್ಟ್ರೀಯ ಪ್ರಶಸ್ತಿ ಬಂದದ್ದು 1987ರಲ್ಲಿ, ಕೋಚ್ ಆಗಿ ಹದಿಮೂರನೆಯ ಋತುವಿನಲ್ಲಿ. ಅದೇ ವರ್ಷದ ಡಿಸೆಂಬರ್‌ನಲ್ಲಿ ಟೆಕ್ಸಸ್ ವಿರುದ್ಧದ ಪಂದ್ಯ ನೋಡಲು ನಾಕ್ಸ್‌ವಿಲ್‌ನಲ್ಲಿ 24,563 ಮಂದಿ ಸೇರಿದ್ದರು. ಮುಂದೆ 1989, 1991; ಬಳಿಕ 1996ರಿಂದ 1998ರವರೆಗೆ ಸತತ ಮೂರು; ಕೊನೆಗೆ 2007 ಮತ್ತು 2008. 1997-98ರ ತಂಡ ಆಡಿದ 39 ಪಂದ್ಯಗಳನ್ನೂ ಗೆದ್ದಿತು.

ಅವರ ಹಟಕ್ಕೆ ಉದಾಹರಣೆಯಾಗಿ 1990ರ ಸೆಪ್ಟೆಂಬರ್‌ನ ಪ್ರಸಂಗವನ್ನು ಹೇಳುವುದುಂಟು. ತುಂಬು ಗರ್ಭಿಣಿ ಸಮ್ಮಿಟ್ ಪೆನ್ಸಿಲ್ವೇನಿಯಾದಲ್ಲಿ ಮಿಶೆಲ್ ಮಾರ್ಸಿನಿಯಾಕ್ ಎಂಬ ಹುಡುಗಿಯನ್ನು ತಂಡಕ್ಕೆ ಕರೆಯಲು ಹೋಗಿದ್ದಾಗಲೇ ಹೆರಿಗೆಯ ಲಕ್ಷಣ ಕಾಣಿಸಿತು. ಮರಳುವಾಗ ವಿಮಾನವನ್ನು ವರ್ಜೀನಿಯಾದಲ್ಲಿ ಇಳಿಸೋಣವೆಂದರೆ ಒಪ್ಪಲಿಲ್ಲ: ಅದೇ ವರ್ಷ ವರ್ಜೀನಿಯಾ ತಂಡ ಟೆನೆಸೀಯನ್ನು ಸೋಲಿಸಿತ್ತು! ಮಗ ಟೈಲರ್ ಹುಟ್ಟಿದ್ದು ನಾಕ್ಸ್‌ವಿಲ್‌ನಲ್ಲೇ. ಮಾರ್ಸಿನಿಯಾಕ್ ಕೂಡ ಮುಂದೆ ಟೆನೆಸೀ ಸೇರಿ 1996ರ ಪ್ರಶಸ್ತಿ ತಂಡದಲ್ಲಿ ಆಡಿದರು.

ಮೇಲಿನ ಮೆಟ್ಟಿಲು ಯಾವುದು?

ವಿಶ್ವವಿದ್ಯಾಲಯ ಪುರುಷರ ತಂಡದ ಹೊಣೆಯನ್ನು ಅವರಿಗೆ ವಹಿಸಲು ಮುಂದಾದದ್ದುಂಟು. ಅವರು ಒಲ್ಲೆನೆಂದರು. ಹೆಂಗಸರ ತಂಡದಿಂದ ಗಂಡಸರ ತಂಡಕ್ಕೆ ಹೋಗುವುದನ್ನು ಬಡ್ತಿಯೆಂದು ಏಕೆ ಭಾವಿಸಬೇಕು ಎಂಬುದು ಅವರ ಪ್ರಶ್ನೆಯಾಗಿತ್ತು. 2005ರಲ್ಲಿ 880ನೆಯ ಗೆಲುವಿನೊಂದಿಗೆ ನಾರ್ತ್ ಕರೊಲಿನಾದ ಪುರುಷರ ಕೋಚ್ ಡೀನ್ ಸ್ಮಿತ್ ಅವರ ದಾಖಲೆಯನ್ನು ಹಿಂದಿಕ್ಕಿದಾಗ ಆ ಪ್ರಶ್ನೆಗೆ ಇನ್ನಷ್ಟು ಬಲ ಬಂತು. ಮರುವರ್ಷ ಅವರ ವಾರ್ಷಿಕ ಸಂಭಾವನೆ ಹತ್ತು ಲಕ್ಷ ಡಾಲರ್ ದಾಟಿತು. ಮಹಿಳಾ ಬಾಸ್ಕೆಟ್‌ಬಾಲ್ ಕೋಚ್‌ಗಳಲ್ಲಿ ಅದು ಮೊದಲು.

2011ರ ಆಗಸ್ಟ್‌ನಲ್ಲಿ, 59ನೆಯ ವಯಸ್ಸಿನಲ್ಲಿ, ತಮಗೆ ಅಲ್ಝೈಮರ್ ಮರೆವಿನ ರೋಗ ತಗುಲಿದೆಯೆಂದು ಸಮ್ಮಿಟ್ ಬಹಿರಂಗವಾಗಿ ಪ್ರಕಟಿಸಿದರು. ಆಟದ ತಂತ್ರಗಳನ್ನು ನೆನಪಿನಲ್ಲೇ ಹೊತ್ತು ತಿರುಗಿದವರಿಗೆ ಇದಕ್ಕಿಂತ ಕ್ರೂರ ಕಾಯಿಲೆ ಮತ್ತೊಂದಿಲ್ಲ. ಮುಚ್ಚಿಡದೆ, ಸಹಾಯಕರ ನೆರವಿನಿಂದ ಇನ್ನೊಂದು ಋತು ಕೋಚ್ ಆಗಿದ್ದು, 2012ರ ಏಪ್ರಿಲ್‌ನಲ್ಲಿ ತಮ್ಮ ಹಳೆಯ ಶಿಷ್ಯೆ ಹಾಲಿ ವಾರ್ಲಿಕ್‌ಗೆ ಸ್ಥಾನ ಬಿಟ್ಟುಕೊಟ್ಟರು. ಅದೇ ವರ್ಷ ಅಧ್ಯಕ್ಷ ಒಬಾಮ ಅವರಿಂದ ಸ್ವಾತಂತ್ರ್ಯ ಪದಕದ ಗೌರವ ಸಂದಿತು. 2016ರ ಜೂನ್ 28ರಂದು, 64ನೆಯ ವಯಸ್ಸಿನಲ್ಲಿ ನಿಧನರಾದರು.

ಅವರ ಗೆಲುವುಗಳ ಸಂಖ್ಯೆಯನ್ನು ಸ್ಟ್ಯಾನ್‌ಫರ್ಡ್‌ನ ತಾರಾ ವ್ಯಾನ್‌ಡರ್ವೀರ್ 2020ರಲ್ಲಿ ದಾಟಿದರು. 2024ರಲ್ಲಿ ಮಹಿಳಾ ಕಾಲೇಜು ಫೈನಲ್ ಪಂದ್ಯವನ್ನು ಟಿ.ವಿ.ಯಲ್ಲಿ ನೋಡಿದವರು ಪುರುಷರ ಫೈನಲ್ ನೋಡಿದವರಿಗಿಂತ ಹೆಚ್ಚು. ಅದು ಇತಿಹಾಸದಲ್ಲೇ ಮೊದಲು. ಆದರೆ ಈ ಏಳಿಗೆಗೆ ಇನ್ನೊಂದು ಮುಖವೂ ಇದೆ. 1972ರಲ್ಲಿ ಮಹಿಳಾ ಕಾಲೇಜು ತಂಡಗಳ ಕೋಚ್‌ಗಳಲ್ಲಿ ಶೇ. 90ಕ್ಕೂ ಹೆಚ್ಚು ಮಂದಿ ಮಹಿಳೆಯರೇ ಆಗಿದ್ದರು. ಹಣ, ಹೆಸರು ಬಂದಂತೆ ಗಂಡಸರೂ ಆ ಹುದ್ದೆಗಳತ್ತ ಬಂದರು. ಮಹಿಳೆಯರ ಪಾಲು ಅರ್ಧಕ್ಕಿಂತ ಕೆಳಗಿಳಿಯಿತು. ಪುರುಷರ ತಂಡಗಳಿಗೆ ಮಹಿಳಾ ಕೋಚ್ ಎಂಬುದು ಮಾತ್ರ ಅಂದಿನಂತೆ ಇಂದಿಗೂ ಅಪರೂಪ. ಸಮವಸ್ತ್ರ ಒಗೆದು, ವ್ಯಾನ್ ಓಡಿಸಿ ಆಟ ಬೆಳೆಸಿದವರ ಕೈಯಲ್ಲೇ ಅದರ ಚುಕ್ಕಾಣಿ ಉಳಿಯುವುದೇ ಎಂಬ ಪ್ರಶ್ನೆಗೆ ಟೆನೆಸೀಯಲ್ಲಿ ಒಬ್ಬರು ಕೊಟ್ಟ ಉತ್ತರ ಇಡೀ ದೇಶದ ಉತ್ತರವಾಗಿಲ್ಲ.